ಬಚ್ಚಲಿನ ಹಂಡೆ

ಆ ಹಂಡೆ ನಮ್ಮ ಮನೆಗೆ ಬಂದಾಗ ನಾನು ಹುಟ್ಟಿರಲಿಲ್ಲ. ಈ ಮಾತನ್ನು ನನಗೆ ನಾನೇ ಎಷ್ಟೋ ವರ್ಷ ಹೇಳಿಕೊಂಡಿದ್ದೇನೆ. ಸುಳ್ಳೇನೂ ಅಲ್ಲ, ಆಗ ನಾನು ಅವ್ವನ ಹೊಟ್ಟೆಯಲ್ಲಿದ್ದೆ. ಆದರೆ ಹುಟ್ಟಿದ ದಿನ ನನ್ನ ಮೈಗೆ ಬಿದ್ದ ಮೊದಲ ಬಿಸಿನೀರು ಆ ಹಂಡೆಯದು. ಅವ್ವನ ಬಾಣಂತನದ ನೀರೂ ಅದರದೇ. ಮದುವೆಯಲ್ಲಿ ನನಗೆ ಅರಿಸಿನ ಹಚ್ಚಿ ಎರೆದದ್ದೂ ಅದೇ ನೀರು. ಈಗ ಅದು ರಾಯಚೂರಿನ ನಮ್ಮ ಮನೆಯ ಮಾಳಿಗೆಯ ಮೇಲೆ ಬೋರಲಾಗಿ ಬಿದ್ದಿದೆ. ಬಚ್ಚಲಲ್ಲಿ ಗೀಸರ್ ಬಂದು ಬಹಳ ವರ್ಷವಾಯಿತು.

ನಾನು ಬೆಳೆದ ಮನೆ ದೇವದುರ್ಗದ ಸೀಮೆಯ ಒಂದು ಹಳ್ಳಿಯಲ್ಲಿತ್ತು. ಕಲ್ಲಿನ ಗೋಡೆ, ಮಣ್ಣಿನ ಮಾಳಿಗೆ. ತಲೆಬಾಗಿಲು ದಾಟಿದರೆ ಮೊದಲು ಎತ್ತುಗಳ ಅಂಕಣ, ಅಲ್ಲಿಂದ ಎರಡು ಮೆಟ್ಟಿಲು ಹತ್ತಿದರೆ ಪಡಸಾಲೆ, ಎಡಕ್ಕೆ ಅಡುಗೆಮನೆ, ಎಲ್ಲಕ್ಕಿಂತ ಹಿಂದೆ ಬಚ್ಚಲು. ಪಡಸಾಲೆಯಲ್ಲಿ ಕೂತು ಉಣ್ಣುವಾಗ ಎತ್ತುಗಳು ಉಸಿರು ಬಿಡುವುದು ಕೇಳುತ್ತಿತ್ತು. ಬಚ್ಚಲಲ್ಲಿ ಒಂದು ಚಪ್ಪಡಿ ಕಲ್ಲು, ಸೀಗೆಪುಡಿ ಇಡಲು ಒಂದು ಗೂಡು, ಹೊಗೆ ಹೋಗಲು ಅಂಗೈಯಗಲದ ಒಂದು ಕಿಂಡಿ. ಮೂಲೆಯಲ್ಲಿ ಮಣ್ಣಿನ ಒಲೆ, ಒಲೆಯ ಮೇಲೆ ಬಸುರಿಯಂತೆ ಹೊಟ್ಟೆ ಬಿಟ್ಟುಕೊಂಡು ಕೂತ ತಾಮ್ರದ ಹಂಡೆ. ಹತ್ತಿಕಟ್ಟಿಗೆ ಒಟ್ಟಿದರೆ ಚಟಚಟ ಎಂದು ಉರಿದು ಬೇಗ ನೀರು ಕಾಯುತ್ತಿತ್ತು. ನಮ್ಮ ಓಣಿಯಲ್ಲಿ ಉಳಿದವರೆಲ್ಲ ನೀರು ಕಾಯಿಸುತ್ತಿದ್ದದ್ದು ಮಣ್ಣಿನ ಗಡಿಗೆಯಲ್ಲಿ. ಯಾರ ಮನೆಯಲ್ಲಿ ಹೆರಿಗೆಯಾದರೂ ಬಿಸಿನೀರಿಗೆ ನಮ್ಮ ಮನೆಗೆ ಬರುತ್ತಿದ್ದರು. ಅವ್ವ ಯಾರಿಗೂ ಇಲ್ಲ ಎಂದದ್ದು ನನಗೆ ನೆನಪಿಲ್ಲ. ಕೊಡ ತುಂಬಿ ಕೊಡುವಾಗ ಅವಳ ಮುಖದಲ್ಲಿ ಹೆಮ್ಮೆ ಇರುತ್ತಿತ್ತು.

ಮನೆಯಲ್ಲಿ ಆ ನೀರು ಮುಟ್ಟದವನು ಒಬ್ಬನೇ, ನಮ್ಮಣ್ಣ ಅಮರಣ್ಣ. ನನಗಿಂತ ಹತ್ತು ವರ್ಷ ದೊಡ್ಡವನು. ನಿಜಾಮನ ಕಾಲದ ಶಾಲೆಗೆ ಹೋಗಿ ಮೊದಲು ಉರ್ದು, ಆಮೇಲೆ ಕನ್ನಡ ಕಲಿತಿದ್ದ. ಎಂಥ ಚಳಿ ಇದ್ದರೂ ಅಂಗಳದಲ್ಲಿ ಎತ್ತಿಗೆ ನೀರಿಡುವ ಕಲ್ಲಿನ ಬಾನಿಯಿಂದ ತಣ್ಣೀರು ಹೊಯ್ದುಕೊಳ್ಳುತ್ತಿದ್ದ.

"ಅಮರ್ಯಾ, ನೀರು ಕಾದಾವ, ಬಾರೋ."

"ನನಗ ತಣ್ಣೀರ ಛಲೋ, ಬೇ."

"ಪೈಲ್ವಾನ ಅದಾನ ನೋಡು ನಿಮ್ಮಣ್ಣ," ಎಂದು ಅವ್ವ ನನ್ನ ತಲೆಯ ಮೇಲೆ ಇನ್ನೊಂದು ತಂಬಿಗೆ ಬಿಸಿನೀರು ಸುರಿಯುತ್ತಿದ್ದಳು. ನಾನೂ ಅದನ್ನು ಗಟ್ಟಿತನ ಎಂದೇ ತಿಳಿದಿದ್ದೆ.

ಅದು ಗಟ್ಟಿತನವಲ್ಲ ಎಂದು ಗೊತ್ತಾದದ್ದು ಒಂದು ಮಧ್ಯಾಹ್ನದ ಊಟದಲ್ಲಿ. ನನಗೆ ಆಗ ಏಳು ವರ್ಷ. ಜೋಳದ ರೊಟ್ಟಿ, ಪುಂಡಿಪಲ್ಯ, ಶೇಂಗಾ ಹಿಂಡಿ ಇತ್ತು. ನಮ್ಮಪ್ಪ ಬಂಡಿ ಹೊಡೆಯುವವನು, ಊರವರ ಜೋಳ, ಹತ್ತಿ ಹೇರಿಕೊಂಡು ಮಾನ್ವಿ, ರಾಯಚೂರಿನ ತನಕ ಹೋಗಿಬರುವವನು. ಮೂರು ದಿನದ ಮೇಲೆ ಮನೆಗೆ ಬಂದು ಹಂಡೆ ತುಂಬ ನೀರು ಕಾಯಿಸಿಕೊಂಡು ಎರೆದುಕೊಂಡು ಉಣ್ಣಲು ಕೂತಿದ್ದ. ಅಣ್ಣ ತಾಟಿನ ಮೇಲೆ ಕಣ್ಣಿಟ್ಟು ಕೇಳಿದ:

"ಯಪ್ಪಾ, ಆ ಹಂಡಿ ಎಲ್ಲಿಂದ ತಂದಿ?"

"ನಿಮ್ಮವ್ವನ ತವರುಮನಿದು."

"ಅವ್ವನ ತವರುಮನ್ಯಾಗ ಉಣ್ಣಾಕ ತಾಟಿರಲಿಲ್ಲ. ಹಂಡಿ ಎಲ್ಲಿತ್ತು?"

"ಲೇ, ನನ್ನ ತವರುಮನಿ ಸುದ್ದಿಗೆ ಬರಬ್ಯಾಡ ನೋಡು," ಎಂದು ಅವ್ವ ಒಳಗಿನಿಂದ ರೊಟ್ಟಿ ಬಡಿಯುವುದನ್ನು ನಿಲ್ಲಿಸಿದಳು. ಬಡಿಯುವ ಸಪ್ಪಳ ನಿಂತದ್ದು ನನಗೆ ಅವಳ ಮಾತಿಗಿಂತ ಹೆಚ್ಚು ಕೇಳಿಸಿತು.

ಆವತ್ತು ಅಪ್ಪ ಹೇಳಿದ. ನಿಜಾಮನ ಆಳ್ವಿಕೆಯ ಕಡೆಯ ದಿನಗಳಲ್ಲಿ ಪುಂಡರ ದಂಡಿಗೆ ಹೆದರಿ ನಮ್ಮವರು ತುಂಗಭದ್ರೆ ದಾಟಿ ಆಚೆ ಹೋಗಿದ್ದರು. ತಿರುಗಿ ಬಂದು ನೋಡಿದರೆ ಮನೆಯಲ್ಲಿ ಬೀಸುವ ಕಲ್ಲೊಂದು ಬಿಟ್ಟು ಏನೂ ಉಳಿದಿರಲಿಲ್ಲ. ಆಮೇಲೆ ನಿಜಾಮನನ್ನು ಇಳಿಸಲು ದಂಡು ಬಂತು, ಬಾವುಟ ಬದಲಾಯಿತು. ನಮ್ಮೂರಲ್ಲಿ ಹೆದರಿಕೆ ಹೋಗಲಿಲ್ಲ, ಮನೆ ಬದಲಿಸಿತು. ಊರ ಕೆಳಗೆ ಬಳೆಗಾರರ ನಾಲ್ಕು ಮನೆ ಇದ್ದವು. ಸಾಬರ ಮನೆಗಳು. ಯಾರಿಗೂ ಒಂದು ಕೆಟ್ಟ ಮಾತು ಆಡಿದವರಲ್ಲ ಎಂದು ಅಪ್ಪನೇ ಹೇಳಿದ.

"ಊರ ದೊಡ್ಡೋರು ಬಂಡಿ ಹೂಡು ಅಂದ್ರು, ಹೂಡಿದೆ. ಆ ಮನಿಗಳ ಸಾಮಾನ ಅವರು ತುಂಬಿದ್ರು, ನಾ ಹೊಡದೆ. ನಾ ಬರೇ ಬಂಡಿ ಹೊಡದೀನಿ."

"ಮತ್ತ ಹಂಡಿ?"

"ಬಾಡಿಗಿ ಅಂತ ಕೊಟ್ರು."

"ಆ ಮನ್ಯಾಗ ಮಂದಿ ಎಲ್ಲಿದ್ರು?"

"ಇರಲಿಲ್ಲ."

"ಯಾಕ ಇರಲಿಲ್ಲ, ಯಪ್ಪಾ?"

ಅಪ್ಪ ಅರ್ಧ ರೊಟ್ಟಿ ತಾಟಿನಲ್ಲೇ ಬಿಟ್ಟು ಎದ್ದ. ಕೈ ತೊಳೆಯುತ್ತ, ಗೋಡೆಗೆ ಹೇಳುವಂತೆ ಹೇಳಿದ: "ನಮ್ಮ ಮನಿ ಖಾಲಿ ಆದಾಗ ಯಾರರ ಬಂದು ಕೇಳಿದ್ರೇನು?" ಇವತ್ತಿಗೂ ಆ ಪ್ರಶ್ನೆ ಸುಳ್ಳು ಎಂದು ನಾನು ಹೇಳಲಾರೆ. ಅದು ಬೇರೆಯವರನ್ನು ಕೇಳಬೇಕಾದ ಪ್ರಶ್ನೆ, ಬಳೆಗಾರರನ್ನಲ್ಲ. ಅಷ್ಟು ತಿಳಿಯಲು ನನಗೆ ಒಂದು ಜೀವಮಾನ ಹಿಡಿಯಿತು.

ದೀಪಾವಳಿಗೆ ನಮ್ಮ ಕಡೆ ಮೊದಲ ದಿನ ನೀರು ತುಂಬುವ ಹಬ್ಬ. ಬಚ್ಚಲನ್ನು ಸಾರಿಸಿ, ಒಲೆಗೆ ಕೆಮ್ಮಣ್ಣು ಬಳಿದು, ಹಂಡೆಯನ್ನು ಹುಣಸೆಹಣ್ಣು, ಬೂದಿ ಹಾಕಿ ತಿಕ್ಕಬೇಕು. ಕಂಠಕ್ಕೆ ಸುಣ್ಣ, ಕೆಮ್ಮಣ್ಣಿನ ಪಟ್ಟೆ ಎಳೆದು, ಹಾಗಲಬಳ್ಳಿ ಕಟ್ಟಿ, ಹೊಸ ನೀರು ತುಂಬಿ ಪೂಜೆ ಮಾಡಬೇಕು. ವರ್ಷವಿಡೀ ಹೊಗೆ ಕುಡಿದು ಕಪ್ಪಾಗಿದ್ದ ಹಂಡೆ ಆ ದಿನ ಸಂಜೆಯ ಬಿಸಿಲಿನಂತೆ ಕೆಂಪಗೆ ಹೊಳೆಯುತ್ತಿತ್ತು. ಹೊಳೆಯತೊಡಗಿದಂತೆ ಕಂಠದ ಮೇಲೆ ಚುಕ್ಕಿ ಚುಕ್ಕಿಯಾಗಿ ಕೊರೆದ ಅಕ್ಷರಗಳು ಎದ್ದು ಬರುತ್ತಿದ್ದವು. ಪಾತ್ರೆಗೆ ಹೆಸರು ಹಾಕಿಸುವುದು ಎಲ್ಲ ಮನೆಯಲ್ಲೂ ಇದ್ದದ್ದೇ, ಆದರೆ ಇವು ಉರ್ದು ಅಕ್ಷರ. ಉಳಿದವರ ಮನೆಯಲ್ಲಿ ಸುಣ್ಣದ ಗೆರೆ ಬೆರಳಿನಷ್ಟು ದಪ್ಪ ಇದ್ದರೆ ನಮ್ಮವ್ವ ಒಂದು ಕಡೆ ಮಾತ್ರ ಗೇಣಗಲ ಬಳಿಯುತ್ತಿದ್ದಳು. ಬಳಿದ ಮೇಲೆ ಅದರ ನಡುವೆ ಕುಂಕುಮದ ಬೊಟ್ಟು ಇಡುತ್ತಿದ್ದಳು. ನಾನು ಅದನ್ನು ನಮ್ಮ ಮನೆಯ ಪದ್ಧತಿ ಎಂದುಕೊಂಡಿದ್ದೆ. ಒಂದು ವರ್ಷ, ಅವ್ವ ಸುಣ್ಣ ಕಲಸಲು ಒಳಗೆ ಹೋದಾಗ, ಅಣ್ಣ ನನ್ನ ಬೆರಳು ಹಿಡಿದು ಆ ಚುಕ್ಕಿಗಳ ಮೇಲೆ ಬಲದಿಂದ ಎಡಕ್ಕೆ ಎಳೆದ.

"ಓದು, ದೇವಿ. ಹುಸೇನಬಿ. ಯಾರಿಗೂ ಹೇಳಬ್ಯಾಡ, ಆದ್ರ ಮರೀಬ್ಯಾಡ."

ಮರೆಯಲಿಲ್ಲ. ಅದೇ ನನ್ನ ತಪ್ಪನ್ನು ದೊಡ್ಡದು ಮಾಡಿತು.

ಮರುವರ್ಷ ಅದೇ ಹಬ್ಬದ ದಿನ ಬಳೆಗಾರ್ತಿ ಮಾಬವ್ವ ನಮ್ಮ ಮನೆಗೆ ಬಂದಳು. ದೇವದುರ್ಗದಿಂದ ಬುಟ್ಟಿ ಹೊತ್ತುಕೊಂಡು ಹಳ್ಳಿ ಹಳ್ಳಿ ತಿರುಗುತ್ತಾಳೆ ಎಂದಷ್ಟೇ ಕೇಳಿದ್ದೆವು. ಬಳೆ ಮಾರಲು ನಮ್ಮೂರಿಗೆ ಅವಳು ಬಂದದ್ದು ಅದೇ ಮೊದಲು. ಅವ್ವನನ್ನು ಪಡಸಾಲೆಯಲ್ಲಿ ಕೂರಿಸಿಕೊಂಡು, ಅವಳ ಎಡಗೈ ಹಿಡಿದು ಹಸಿರು ಬಳೆ ಏರಿಸಿದಳು. "ಯಕ್ಕಾ, ಕೈ ಅಂದ್ರ ಬೆಣ್ಣಿ ಅದ ನಿಂದು. ನಮ್ಮ ಅತ್ತಿ ಕೈಗೆ ಬಳಿ ಇಡಬೇಕಂದ್ರ ನನಗ ಜ್ವರ ಬರ್ತದ," ಎಂದು ಅವ್ವನನ್ನು ನಗಿಸಿದಳು. ಎಡಗೈ ಮುಗಿಯಿತು. ಬಲಗೈ ಸ್ವಲ್ಪ ಗಡುಸು, ಒದ್ದೆ ಮಾಡಿಕೊಳ್ಳಬೇಕು, ನೀರು ಕೊಡು ಎಂದಳು. ಅವ್ವ ನನಗೆ ತಂಬಿಗೆ ತಾ ಎಂದಳು. ನನಗೆ ತಿಕ್ಕಿ ಬೆಳಗಿದ ಹಂಡೆಯನ್ನು ತೋರಿಸುವ ಚಪಲ. ಸುಣ್ಣ ಇನ್ನೂ ಹಚ್ಚಿರಲಿಲ್ಲ, ಅದು ನನ್ನ ತಲೆಗೆ ಹೋಗಲೇ ಇಲ್ಲ. "ಬಾ, ನಮ್ಮ ಹಂಡಿ ಹೆಂಗ ಹೊಳೀತದ ನೋಡು ಬಾ," ಎಂದು ಅವಳ ಕೈ ಹಿಡಿದು ಬಚ್ಚಲಿಗೆ ಎಳೆದುಕೊಂಡು ಹೋದೆ.

ಅವಳು ಹೊಸ್ತಿಲಲ್ಲಿ ನಿಂತಳು. ಆಮೇಲೆ ಒಳಗೆ ಬಂದು ಆ ಚುಕ್ಕಿಗಳ ಮೇಲೆ ಬೆರಳಿಟ್ಟು ಹಾಗೇ ಕುಕ್ಕರಗಾಲಿನಲ್ಲಿ ಕೂತಳು. ಅಷ್ಟರಲ್ಲಿ ಎತ್ತು ಕಟ್ಟಿ ಅಪ್ಪ ಬಂದ. ಅವಳು ಕೂತಲ್ಲಿಂದಲೇ ಹೇಳಿದಳು:

"ಅಣ್ಣಾರ, ಇದು ನಮ್ಮವ್ವನ ಹಂಡಿ. ನನಗ ಓದಾಕ ಬರಂಗಿಲ್ಲ. ಆದ್ರ ನಾ ಸಣ್ಣಾಕಿದ್ದಾಗ ನಮ್ಮವ್ವ ಇದರ ಮ್ಯಾಲ ನನ್ನ ಬಟ್ಟು ಇಡಿಸಿ, ಇದು ನನ್ನ ಹೆಸರು ಅಂತಿದ್ಲು."

"ಸಂತ್ಯಾಗ ಇಂಥಾವು ಸಾವಿರ ಸಿಗತಾವ. ಇದು ನಮ್ಮದು."

"ತಿರುಗಿ ಕೇಳಾಕ ಬಂದಿಲ್ರೀ ನಾನು. ಒಯ್ದು ಎಲ್ಲಿ ಇಡ್ಲಿ? ಬರೇ ಹೌದು ಅನ್ರಿ. ನಮ್ಮಪ್ಪ ಹೊಲಕ್ಕ ಹೋದಾಂವ ತಿರುಗಿ ಬರಲಿಲ್ಲ, ಅದನ್ನ ಕೇಳಾಕತ್ತಿಲ್ಲ. ಹಂಡಿ ಹುಸೇನಬೀದು, ಹೌದು, ಅಂತ ಒಂದ ಮಾತು ಅನ್ರಿ. ನಾ ಹೋಗತೀನಿ."

ಅಪ್ಪ ನನ್ನ ಕಡೆ ತಿರುಗಿದ. "ನಾ ಹೇಳಿದ್ರ ನೀ ನಂಬಾಂಗಿಲ್ಲ. ಸಣ್ಣ ಹುಡುಗಿ ಅದ, ಆಕಿನ್ನ ಕೇಳು. ದೇವಿ, ಹೇಳ ಬೇ, ಹಂಡಿ ಯಾರದು?"

ಅಪ್ಪನ ದನಿಯಲ್ಲಿ ಸಿಟ್ಟಿರಲಿಲ್ಲ. ಇದ್ದಿದ್ದರೆ ಹೆದರಿಕೊಂಡು ಹೇಳಿದೆ ಎಂದು ಇವತ್ತು ಬರೆಯಬಹುದಿತ್ತು. ಅವನ ಕಣ್ಣು ಬೇಡುತ್ತಿದ್ದವು. ಊರೆಲ್ಲ ತಿರುಗುವ ಅಷ್ಟು ದೊಡ್ಡ ಮನುಷ್ಯ ನನ್ನನ್ನು ಬೇಡುತ್ತಿದ್ದಾನೆ ಎಂಬ ಹಿಗ್ಗು ನನಗೆ.

"ನಮ್ಮದು. ಅವ್ವನ ತವರುಮನಿದು," ಎಂದೆ. ಅಷ್ಟಕ್ಕೆ ನಿಲ್ಲಲಿಲ್ಲ. ಯಾರೂ ಕೇಳದಿದ್ದರೂ ಸೇರಿಸಿದೆ: "ಅದು ನಮ್ಮಜ್ಜಿ ಹೆಸರು."

"ಸುಳ್ಳು!" ಅಣ್ಣ ಹಿಂದೆ ನಿಂತಿದ್ದ. "ಹುಸೇನಬಿ ಅಂತ ಬರದದ. ನಾ ಓದೀನಿ. ಈಕಿಗೂ ಗೊತ್ತದ."

ಅಪ್ಪನ ಕೈಯಲ್ಲಿ ಬಾರುಕೋಲು ಇನ್ನೂ ಇತ್ತು. ಅದು ಎರಡು ಸಲ ಅಣ್ಣನ ಬೆನ್ನ ಮೇಲೆ ಬಿತ್ತು. ಮೂರನೆಯದಕ್ಕೆ ಮಾಬವ್ವ ಎದ್ದು ನಡುವೆ ನಿಂತಳು. "ಬ್ಯಾಡ್ರಿ ಅಣ್ಣಾರ, ಹಬ್ಬದ ದಿನ ಮಗನ್ನ ಹೊಡೀಬ್ಯಾಡ್ರಿ. ನಂದ ತಪ್ಪು." ಹಾಗೆಂದು ಪಡಸಾಲೆಗೆ ಬಂದಳು. ಬುಟ್ಟಿ ಎತ್ತಿಕೊಂಡು ಹೋಗುತ್ತಾಳೆ ಎಂದುಕೊಂಡೆ. ಅವಳು ಅವ್ವನ ಮುಂದೆ ಮತ್ತೆ ಕೂತಳು. ಗಂಡನುಳ್ಳ ಹೆಂಗಸನ್ನು ಒಂದೇ ಕೈಯ ಬಳೆಯಲ್ಲಿ ಬಿಟ್ಟು ಹೋಗುವುದು ಒಳ್ಳೆಯದಲ್ಲ ಎಂದು ಬಳೆಗಾರರು ನಂಬುತ್ತಾರೆ. ಅವ್ವನ ಬಲಗೈ ಹಿಡಿದು ಒಂದೊಂದೇ ಬಳೆ ಏರಿಸಿದಳು. ಒಂದೂ ಒಡೆಯಲಿಲ್ಲ. ಅವ್ವ ಮೊರದ ತುಂಬ ತಂದ ಜೋಳ ಮುಟ್ಟಲಿಲ್ಲ. ಹೋಗುವಾಗ ನನ್ನನ್ನು ಒಮ್ಮೆ ನೋಡಿದಳು. ಬೈಯುವ ನೋಟವಲ್ಲ, ಏನೋ ತಿಳಿಯದೆ ಕೇಳುವ ನೋಟ. ಆಮೇಲೆ ಅವ್ವ ಎದ್ದು ಸುಣ್ಣ ಕಲಸಿ, ಗೇಣಗಲ ಬಳಿದಳು. ಬೊಟ್ಟು ಇಡುವುದನ್ನು ಮರೆತಳು.

ಅಣ್ಣ ಆ ಹಬ್ಬದ ಎಣ್ಣೆನೀರಿಗೆ ನಿಲ್ಲಲಿಲ್ಲ. ಮಾನ್ವಿಗೆ ಹೋದ. ಕಾಲುವೆ ನೀರು ಬಂದು ಭತ್ತದ ಬೆಳೆ ಶುರುವಾಗಿದ್ದ ಕಾಲ, ಅಕ್ಕಿ ಗಿರಣಿಯಲ್ಲಿ ಚೀಲ ಹೊರುವ ಕೆಲಸ ಹಿಡಿದ. ಅಲ್ಲೇ ಮದುವೆ, ಮಕ್ಕಳು. ಓದಿದ್ದರೆ ಮಾಸ್ತರನಾಗುತ್ತಿದ್ದ. ಅವನು ಹೋದ ಮೇಲೆ ಮನೆಯ ಕೆಲಸಕ್ಕೆ ಕೈ ಕಡಿಮೆಯಾಗಿ ನನ್ನನ್ನೂ ಮೂರನೇ ಇಯತ್ತೆಗೆ ಶಾಲೆ ಬಿಡಿಸಿದರು. ನನ್ನ ಸುಳ್ಳಿಗೆ ನಾನು ತೆತ್ತದ್ದು ಅಷ್ಟೇ, ಅದು ಬಹಳ ಕಡಿಮೆ.

ಇಲ್ಲಿಯ ತನಕ ಆದದ್ದಕ್ಕೆ ಸಣ್ಣವಳಿದ್ದೆ ಎನ್ನಬಹುದು. ಮುಂದಿನದಕ್ಕೆ ಹಾಗೆನ್ನಲು ಬರುವುದಿಲ್ಲ. ಅಪ್ಪ ತೀರಿಕೊಂಡು ಮನೆ ಬೇರೆಯವರ ಪಾಲಾದಾಗ ಅವ್ವ ಹಂಡೆಯನ್ನು ರಾಯಚೂರಿಗೆ, ನನ್ನ ಗಂಡನ ಮನೆಗೆ ಕಳಿಸಿದಳು. ನನಗೆ ಮೂವತ್ತು ದಾಟಿತ್ತು. ಹಬ್ಬಕ್ಕೆ ಹಂಡೆ ತಿಕ್ಕಿದಾಗ ಅತ್ತೆ ಕಂಠ ನೋಡಿ, "ಯಾರ ಮನಿ ಹಂಡಿ ತಂದೀ ಬೇ?" ಎಂದರು. ಆ ವಾರವೇ ಅದನ್ನು ತಾಮ್ರಗಾರನ ಅಂಗಡಿಗೆ ಒಯ್ದೆ.

"ಯವ್ವಾ, ಅಕ್ಷರ ಭಾಳ ಛಂದ ಅದಾವ. ಹಳೀ ಕೈಕೆಲಸ. ಯಾಕ ಕೆಡಸ್ತೀರಿ?" ಎಂದ ಮುದುಕ.

"ಅಕ್ಷರ ನಮ್ಮವಲ್ಲ. ಹಂಡಿ ನಮ್ಮದು," ಎಂದೆ.

ಬಡಿದು ಬಡಿದು ಸಮ ಮಾಡಿದ. ಆ ಜಾಗದಲ್ಲಿ 'ದೇವಮ್ಮ' ಎಂದು ಕೊರೆದುಕೊಟ್ಟ. ಅವ್ವ ವರ್ಷಕ್ಕೊಂದು ಸಲ ಸುಣ್ಣ ಬಳಿಯುತ್ತಿದ್ದಳು, ಸುಣ್ಣ ತೊಳೆದರೆ ಹೋಗುತ್ತಿತ್ತು. ನಾನು ಒಂದೇ ಸಲಕ್ಕೆ ಮುಗಿಸಿದೆ.

ಎರಡು ತಿಂಗಳಿಗೆ ಅಣ್ಣ ಬಂದ. ಕೈಯಲ್ಲಿ ಹಗ್ಗ, ಒಂದು ಹಳೆಯ ಗೋಣಿಚೀಲ. "ಮಾಬವ್ವನ ಮನಿ ಹುಡುಕೀನಿ, ದೇವಿ. ದೇವದುರ್ಗದಾಗ ಅದಾಳ. ಹಂಡಿ ಕೊಡು, ಕಟಗೊಂಡು ಹೋಗಿ ಕೊಟ್ಟು ಬರ್ತೀನಿ." ಅವನೇ ಬಚ್ಚಲಿಗೆ ಹೋದ. ಕಂಠದ ಮೇಲೆ ಬೆರಳಾಡಿಸಿದ. ಹೊರಗೆ ಬಂದು ಹಗ್ಗ ಸುತ್ತಿ ಚೀಲದೊಳಗೆ ಹಾಕಿಕೊಂಡ.

"ಅಪ್ಪ ಬರೇ ಬಂಡಿ ಹೊಡದಿದ್ದ, ದೇವಿ. ನೀ..."

ಚಹಾ ಕುಡಿಯದೆ ಹೋದ. ಆಮೇಲೆ ಮದುವೆ, ಮುಂಜಿ, ಸಾವಿನ ಮನೆಯಲ್ಲಿ ಸಿಕ್ಕರೆ ಮಾತಾಡುತ್ತಿದ್ದ. ನನ್ನ ಮನೆಯಲ್ಲಿ ಮಾತ್ರ ಒಂದು ತಂಬಿಗೆ ನೀರು ಮೈಮೇಲೆ ಹಾಕಿಕೊಂಡವನಲ್ಲ.

ಈ ವರ್ಷ ನಮ್ಮ ಭಾಗಕ್ಕೆ ನಿಜಾಮನಿಂದ ಬಿಡುಗಡೆ ಸಿಕ್ಕ ದಿನದ ಬಾವುಟದ ಹಬ್ಬಕ್ಕೆ ಮೊಮ್ಮಗಳು ಸಹನಾ ಶಾಲೆಯಲ್ಲಿ ಭಾಷಣ ಮಾಡಬೇಕಿತ್ತು. ಮನೆಯ ಹಿರಿಯರನ್ನು ಕೇಳಿ ಬರೆಯಿರಿ ಎಂದಿದ್ದರಂತೆ. ನಾನು ಹೇಳಿದೆ. ನಮ್ಮವರು ಹೆದರಿ ಹೊಳೆ ದಾಟಿದ್ದು, ಮನೆ ಖಾಲಿಯಾದದ್ದು, ಬಾವುಟ ಏರಿದ್ದು. ಎಲ್ಲ ನಿಜವೇ. ಅಲ್ಲಿಗೆ ನಿಲ್ಲಿಸಿದೆ. ಆ ದಿನ ಕುರ್ಚಿಯ ಮೇಲೆ ಕೂತು ಅವಳ ಭಾಷಣ ಕೇಳಿದೆ. ಆಮೇಲೆ ದೊಡ್ಡವರು ಮಾತಾಡಿದರು. ನಮ್ಮ ಹಿರಿಯರ ತ್ಯಾಗ, ನಮ್ಮ ಹಿರಿಯರ ಧೈರ್ಯ ಎಂದರು. ಜನ ಚಪ್ಪಾಳೆ ತಟ್ಟಿದರು, ನಾನೂ ತಟ್ಟಿದೆ. ತಟ್ಟುತ್ತಲೇ ಮೈ ಬಹಳ ದಣಿದಂತೆ ಆಯಿತು. ದೇಶದ ದೊಡ್ಡ ಮಾತು ನನಗೆ ತಿಳಿಯುವುದಿಲ್ಲ. ಇಷ್ಟು ಮಾತ್ರ ತಿಳಿಯಿತು. ಅಲ್ಲಿ ಕೂತ ಯಾರೂ ಆ ಕಾಲದಲ್ಲಿ ಹುಟ್ಟಿರಲಿಲ್ಲ, ಆದರೂ ಹಿರಿಯರ ಧೈರ್ಯ ನಮ್ಮದು ಎನ್ನುತ್ತಿದ್ದೆವು. ಧೈರ್ಯದಲ್ಲಿ ನಮಗೆ ಪಾಲಿದ್ದರೆ ಹಂಡೆಯಲ್ಲೂ ಇದೆ. ಎಷ್ಟು ಮನೆಯ ಬಚ್ಚಲಲ್ಲಿ ಎಷ್ಟು ಸುಣ್ಣ ಬಳಿದಿದ್ದಾರೋ, ಯಾರು ಕೇಳಿದ್ದಾರೆ?

ಮಾರನೆಯ ವಾರ ಮಾನ್ವಿಗೆ ಬಸ್ ಹತ್ತಿದೆ. ಅಣ್ಣನಿಗೆ ಈಗ ಕಣ್ಣು ಮಂದ. ಕಟ್ಟೆಯ ಮೇಲೆ ಕೂತಿದ್ದ. ಭಾಷಣದ ಸುದ್ದಿ ಹೇಳಿದೆ.

"ಅರ್ಧ ಹೇಳೀ," ಎಂದ.

"ಹೂಂ. ನೀನೂ ಬಾ, ದೇವದುರ್ಗಕ್ಕ ಹೋಗೂಣು."

"ನಾ ಯಾಕ ಬರ್ಲಿ? ನಾ ಹೇಳಬೇಕಾದದ್ದು ಆವತ್ತ ಹೇಳೀನಿ." ಕಟ್ಟೆಯ ಮೇಲೆ ಸರಿದು ನನಗೆ ಜಾಗ ಮಾಡಿಕೊಟ್ಟು, "ಮಾಬವ್ವ ಇಲ್ಲ ಈಗ. ಮಗಳು ಖಾಜಾಬಿ ಅದಾಳ. ಬಸ್ ಸ್ಟ್ಯಾಂಡ್ ಹಿಂದ ಬಳಿ ಅಂಗಡಿ. ಸಿರವಾರದ ಮ್ಯಾಲೆ ಹೋಗೋ ಬಸ್ ಹತ್ತು," ಎಂದ.

ಖಾಜಾಬಿಗೆ ಅರವತ್ತರ ಮೇಲಿರಬೇಕು. ಅಂಗಡಿ ಒಂದು ಕಪಾಟಿನಷ್ಟಿತ್ತು. ಏನು ಹೇಳಬೇಕೆಂದು ದಾರಿಯುದ್ದಕ್ಕೂ ಜೋಡಿಸಿಕೊಂಡು ಹೋಗಿದ್ದೆ. ಅವಳು "ಬರ್ರಿ ಯಮ್ಮ, ಕೂಡ್ರಿ, ಯಾವ ಬಣ್ಣ?" ಎಂದ ಕೂಡಲೇ ಎಲ್ಲ ಮರೆತು, ಹಸಿರು ಎಂದು ಎಡಗೈ ಚಾಚಿದೆ. "ಕೈ ಸಡಿಲ ಬಿಡ್ರಿ. ಯಾರೋ ಹಿಡಕೊಂಡು ಹೊಂಟಾಂಗ ಕುಂತೀರಲ್ಲ," ಎಂದು ನಕ್ಕಳು. ಎಡಗೈ ಮುಗಿಯಿತು. ಬಲಗೈ ಹಿಡಿದು ಹಳೆಯ ಬಳೆ ತೆಗೆದಾಗ ಹೇಳಿದೆ.

"ನಿಮ್ಮ ಅಜ್ಜಿ ಹುಸೇನಬಿ ಹಂಡಿ ನಮ್ಮ ಮನ್ಯಾಗ ಅದ, ಯವ್ವಾ. ಆವತ್ತು ನಮ್ಮದು ಅಂತ ಸುಳ್ಳು ಹೇಳಿದಾಕಿ ನಾನು."

ಅವಳು ನನ್ನ ಕೈಯನ್ನು ಮೆಲ್ಲಗೆ ಬಿಟ್ಟಳು. ಏರಿಸಲು ತೆಗೆದಿದ್ದ ಬಳೆಗಳನ್ನು ಮತ್ತೆ ಡಬ್ಬಿಗೆ ಹಾಕಿದಳು.

"ನಮ್ಮವ್ವ ಸಾಯೋ ತನಕ ಒಂದ ಮಾತು ಅಂತಿದ್ಲು. ಗಂಡಸು ಅಂದದ್ದು ಹೋಗ್ಲಿ, ಕೈ ಹಿಡಕೊಂಡು ಕರಕೊಂಡು ಹೋದ ಹುಡುಗಿ ಯಾಕ ಹಂಗಂದ್ಲು ಅಂತ."

ಸಣ್ಣಾಕಿದ್ದೆ ಎಂಬ ಮಾತು ನಾಲಿಗೆಯ ತುದಿಗೆ ಬಂತು, ನುಂಗಿದೆ.

"ಅಕ್ಷರ ಅದಾವೇನು?" ಎಂದು ಕೇಳಿದಳು.

"ಇಲ್ಲ. ದೊಡ್ಡಾಕಿ ಆದ ಮ್ಯಾಲೆ ನಾನ ಬಡಿಸಿ ತಗಸೀನಿ. ನನ್ನ ಹೆಸರು ಹಾಕಿಸೀನಿ."

ಅವಳು ಬಳೆಯ ಡಬ್ಬಿಯ ಮುಚ್ಚಳ ಹಾಕಿದಳು. ಎದ್ದು ಹೋಗು ಎನ್ನುತ್ತಾಳೆಂದು ಕಾಯ್ದೆ.

"ಆ ಹೆಸರು ಹೇಳೋರು ಈಗ ಯಾರೂ ಉಳದಿಲ್ಲ ಅನ್ಕೊಂಡಿದ್ದೆ," ಎಂದಳು. "ತರ್ರಿ ಹಂಡಿ. ನಮ್ಮ ಬಚ್ಚಲದಾಗ ಅದು ಹಿಡ್ಯಾಂಗಿಲ್ಲ, ಆದ್ರೂ ತರ್ರಿ. ನಿಮ್ಮ ಹೆಸರು ಅಳಸಬ್ಯಾಡ್ರಿ, ಇರ್ಲಿ. ಮ್ಯಾಲ ನಮ್ಮಜ್ಜಿ ಹೆಸರು ನಾ ಹಾಕಸ್ತೀನಿ. ನೋಡಿದೋರು ಎರಡು ಹೆಸರು ಯಾಕ ಅಂತ ಕೇಳ್ಲಿ."

ನಾನು ಬಲಗೈ ಹಾಗೇ ಚಾಚಿಕೊಂಡು ಕೂತಿದ್ದೆ. ಅವಳು ಅದನ್ನು ನೋಡಿದಳು.

"ಆ ಕೈಗೆ ಹಂಡಿ ತಂದ ದಿವಸ ಇಡತೀನಿ, ಯಮ್ಮ."

ಒಂದು ಕೈ ತುಂಬ ಬಳೆ, ಒಂದು ಕೈ ಬರಿದು ಇಟ್ಟುಕೊಂಡು ರಾಯಚೂರಿಗೆ ಬಂದೆ. ಬಸ್ಸಿನಲ್ಲಿ ಹೆಂಗಸರು ನೋಡಿದರು, ಸೆರಗಿನೊಳಗೆ ಮುಚ್ಚಿಕೊಳ್ಳಲಿಲ್ಲ. ಮನೆಗೆ ಬಂದು ಮಗನಿಗೆ, ನಾಳೆ ಬೆಳಿಗ್ಗೆ ದೇವದುರ್ಗಕ್ಕೆ ಒಂದು ಗಾಡಿ ಹೇಳು ಎಂದೆ. ಮಾಳಿಗೆಯ ಮೇಲಿನ ಹಂಡೆ ಇಳಿಸಬೇಕು, ಅದರ ಜೊತೆ ಹಿಂದೆ ನಾನು ಕೂಡುತ್ತೇನೆ ಎಂದೆ. ಸಹನಾ ಪುಸ್ತಕ ಬಿಟ್ಟು ಬಂದು ನನ್ನ ಬಲಗೈ ಹಿಡಿದುಕೊಂಡಳು.

"ಅಜ್ಜಿ, ಈ ಕೈ ಯಾಕ ಖಾಲಿ ಅದ?"

"ಕೂಡು," ಎಂದೆ. "ನಿನ್ನ ಭಾಷಣಕ್ಕ ಅರ್ಧ ಹೇಳಿದ್ದೆ."